ಒಫೊಸು ಅವರ ಬಲಗೈ

ಲಂಡನ್ನಿನ ಗ್ರೀನ್‌ಫರ್ಡ್‌ನಲ್ಲಿ ನಮ್ಮ ಕೆಳಗಿನ ಫ್ಲ್ಯಾಟಿನಲ್ಲಿರುವ ಕ್ವಾಕು ಒಫೊಸು ಘಾನಾ ದೇಶದವರು. ಅಲ್ಲಿನ ಅಕಾನ್ ಭಾಷೆಯ ಸಿನಿಮಾಗಳಲ್ಲಿ ಬಹಳ ವರ್ಷ ಊರ ದೊರೆಯ ಪಾತ್ರ ಮಾಡಿದವರು. ಅವರ ನಿಧಾನದ ಇಂಗ್ಲಿಷ್ ನನಗೂ ತಿಳಿಯುತ್ತದೆ. ಆ ಸಿನಿಮಾಗಳಲ್ಲಿ ಬರೆದ ಮಾತು ಇರುತ್ತಿರಲಿಲ್ಲವಂತೆ. "ನಿನ್ನ ಮಗಳು ಓಡಿಹೋಗಿದ್ದಾಳೆ, ಬೈಯಿ" ಎಂದು ನಿರ್ದೇಶಕ ಹೇಳಿದರೆ ಸಾಕು, ಇವರು ಶುರು. ಒಮ್ಮೆ ಮಗಳ ಪಾತ್ರದವಳು ನಿಜಕ್ಕೂ ಅತ್ತು ಮನೆಗೇ ಹೋದಳಂತೆ.

ಹೆಂಡತಿ ಇಲ್ಲಿ ನರ್ಸ್ ಆಗಿದ್ದರಿಂದ ಲಂಡನ್ನಿಗೆ ಬಂದರು, ಗೋದಾಮಿನಲ್ಲಿ ಪೆಟ್ಟಿಗೆ ಹೊತ್ತರು. ಆಕೆ ತೀರಿಹೋದರು. ಹೋದ ವರ್ಷ ಲಕ್ವ ಹೊಡೆದು ಇವರ ಬಲಗೈ ಬಿದ್ದುಹೋಯಿತು. ಎಡಗೈಯಲ್ಲಿ ಕೊಡುವುದು, ಉಣ್ಣುವುದು ನಮ್ಮಲ್ಲಿ ಹೇಗೆ ತಪ್ಪೋ ಅವರಲ್ಲೂ ಹಾಗೆಯೇ. ಇಡ್ಲಿ ಒಯ್ದರೆ, ನಾನು ಹೊರಡುವವರೆಗೂ ಮುಟ್ಟುತ್ತಿರಲಿಲ್ಲ.

ಈ ವರ್ಷ ಅವರ ಊರಿನ ನಿರ್ದೇಶಕನೊಬ್ಬ ಲಂಡನ್ನಿನಲ್ಲೇ ಸಿನಿಮಾ ಮಾಡಲು ಬಂದ. ಅದರಲ್ಲಿ ಒಫೊಸು ಅವರಿಗೆ ಮತ್ತೆ ದೊರೆಯ ಪಾತ್ರ: ಮದುವೆಯ ದೃಶ್ಯದಲ್ಲಿ ಎದ್ದು, ಸತ್ತ ಹಿರಿಯರಿಗೆಂದು ಬಲಗೈಯಿಂದ ನೆಲಕ್ಕೆ ಮದ್ಯ ಎರೆದು ಹರಸಬೇಕು. "ಕೈ ಹೇಗಿದೆ?" ಎಂದು ಅವನು ಫೋನಿನಲ್ಲಿ ಕೇಳಿದಾಗ ಒಫೊಸು "ಚೆನ್ನಾಗಿದೆ" ಅಂದುಬಿಟ್ಟರು. ಇನ್ನೊಂದು ಪಾತ್ರ ತಮ್ಮನ್ನು ಹುಡುಕಿಕೊಂಡು ಬರುವುದಿಲ್ಲವೆಂದು ಅವರಿಗೆ ಗೊತ್ತಿತ್ತು. ಅಂದಿನಿಂದ ನೀರಿನ ಲೋಟ ಎತ್ತುವ ಅಭ್ಯಾಸ. ಕಾರ್ಪೆಟ್ ಒಣಗಲೇ ಇಲ್ಲ.

"ಇವತ್ತು ಎಲ್ಲಿವರೆಗೆ ಎತ್ತಿದ್ರಿ?" ಎಂದು ಒಂದು ದಿನ ಕೇಳಿದೆ.

"ಎದೆವರೆಗೆ, ಸಿಸ್ಟರ್."

"ನಿನ್ನೆಯೂ ಎದೆ ಅಂದ್ರಲ್ಲ ಮಾರಾಯ್ರೆ!"

"ನಿನ್ನೆ ಸುಳ್ಳು ಹೇಳಿದ್ದೆ."

"ಇವತ್ತು?"

"ಇವತ್ತೂ."

ಶೂಟಿಂಗ್ ಒಂದು ಬಾಡಿಗೆ ಸಭಾಂಗಣದಲ್ಲಿ. ಬಟ್ಟೆ ಉಡಿಸಲು ನಾನೂ ಜೊತೆಗೆ ಹೋದೆ. ಅವರ ದೊರೆಗಳ ಬಟ್ಟೆ ಎಡ ಭುಜದ ಮೇಲೆ ಬರುತ್ತದೆ, ಬಲ ತೋಳು ಬರಿದೇ ಕಾಣುತ್ತದೆ. ಮುಚ್ಚಿಡಲು ದಾರಿಯಿಲ್ಲ. ಕ್ಯಾಮೆರಾ ಶುರುವಾದಾಗ, ಎತ್ತಿದ ಲೋಟ ಸೊಂಟದ ಹತ್ತಿರ ಬರುವಷ್ಟರಲ್ಲೇ ಬಿತ್ತು. ಮತ್ತೆ ಕೊಟ್ಟರೆ ಬೆರಳುಗಳು ಹಿಡಿಯಲೇ ಇಲ್ಲ. ಅವರ ಭಾಷೆಯಲ್ಲಿ ಆದ ಮಾತನ್ನು ಮೇಕಪ್ ಮಾಡುವವಳು ನನಗೆ ಮೆಲ್ಲಗೆ ಹೇಳುತ್ತಿದ್ದಳು.

"ಎಡಗೈಯಲ್ಲೇ ಎರೀರಿ ಅಪ್ಪಾ," ಎಂದ ನಿರ್ದೇಶಕ. "ಬಟ್ಟೆನೂ ಬಲ ಭುಜಕ್ಕೆ ಹಾಕೋಣ. ಆಮೇಲೆ ಕಂಪ್ಯೂಟರಲ್ಲಿ ಚಿತ್ರಾನ ಕನ್ನಡಿಲಿ ಕಾಣೋ ಹಾಗೆ ತಿರುಗಿಸ್ತೀನಿ. ನೋಡೋರಿಗೆ ಬಲಗೈ ಅಂತಲೇ ಕಾಣತ್ತೆ."

"ನೋಡೋರಿಗೆ ಸರಿ. ಕುಡಿಯೋರಿಗೆ?"

"ಇದು ಸಿನಿಮಾ! ಬಾಟ್ಲಿಯಲ್ಲಿರೋದು ಬರೀ ನೀರು."

"ನನ್ನ ಹೆಂಡತಿನೂ ಈಗ ಆ ಹಿರಿಯರ ಜೊತೆ ಇದ್ದಾಳಪ್ಪಾ. ಇನ್ನೊಂದೇ ಒಂದು ಸಲ ಬಲಗೈಗೆ ಕೊಡು."

ಕೊಟ್ಟರು. ಬಿತ್ತು.

ಸಭಾಂಗಣದ ಬಾಡಿಗೆ ಸಮಯ ಮುಗಿಯುತ್ತ ಬಂದಿತ್ತು. ನಾನು ಉಡಿಸಿದ ಬಟ್ಟೆ ಬಿಚ್ಚಿಸಿ, ಮದುಮಗನ ಮಾವನಾಗಿದ್ದವನಿಗೆ ಉಡಿಸಿದರು. ಒಫೊಸು ಸ್ವೆಟರ್ ಹಾಕಿಕೊಂಡು ಮದುವೆಯ ಜನರ ಹಿಂದಿನ ಸಾಲಿನಲ್ಲಿ ಕೂತರು. ಹೊಸ ದೊರೆ ಎರೆದ, ಹರಸಿದ. ಎಲ್ಲರೂ ಚಪ್ಪಾಳೆ ತಟ್ಟಬೇಕು. ಒಫೊಸು ಎಡಗೈಯಿಂದ ತೊಡೆ ತಟ್ಟಿದರು.

"ಕಟ್! ಹಿಂದಿನ ಸಾಲಿನ ಅಜ್ಜ ಚಪ್ಪಾಳೆ ತಟ್ತಾ ಇಲ್ಲ," ಎಂದ ಕ್ಯಾಮೆರಾದವನು. "ಅವರನ್ನ ಆಚೆ ಕೂರಿಸಿ."

ಯಾರೂ ಹತ್ತಿರ ಬರುವ ಮೊದಲೇ ಒಫೊಸು ಎದ್ದರು. ಕುರ್ಚಿಯನ್ನು ಒಂದೇ ಕೈಯಲ್ಲಿ ಎಳೆದುಕೊಂಡು ಗೋಡೆಯ ಕಡೆ ಹೊರಟರು. ಅಷ್ಟರಲ್ಲಿ ಕ್ಯಾಮೆರಾ ಮತ್ತೆ ಶುರುವಾಗಿತ್ತು; ಕುರ್ಚಿಯ ಸದ್ದಿಗೆ ನಿರ್ದೇಶಕ ಮತ್ತೆ "ಕಟ್" ಎಂದು ಕೂಗಿದ.