ಹೇಮಲತಾ ತೆಗೆದ ಫೋಟೊ

ಹೇಮಲತಾ ಹೇಡಿ. ಅವಳ ಅನುಮಾನಗಳಿಗೆಲ್ಲ ಬೇರು ಅದೇ. ಮೆಲ್ಬರ್ನಿನ ಕ್ಲೈಡ್ ನಾರ್ತ್‌ನಲ್ಲಿ ಮನೆ ಕಟ್ಟಿಸಿದ ವರ್ಷವೇ ಬಾಗಿಲಿಗೂ ಗ್ಯಾರೇಜಿಗೂ ಹಿತ್ತಲಿಗೂ ಕ್ಯಾಮೆರಾ ಹಾಕಿಸಿದಳು. ಬೀದಿಯವರ ವಾಟ್ಸ್ಆ್ಯಪ್ ಗುಂಪಿಗೆ ಅವಳೇ ಅಡ್ಮಿನ್. ಬಿಳಿಯ ಹುಡುಗರು ಬೈಕ್ ಮೊರೆಸಿಕೊಂಡು ಹೋದರೆ ಮಕ್ಕಳಾಟ. ಕಪ್ಪು ಹುಡುಗರು ಸುಮ್ಮನೆ ನಡೆದುಹೋದರೂ ಗುಂಪಿನಲ್ಲಿ ಅವರ ಫೋಟೊ.

ಶನಿವಾರ ಸಮುದಾಯದ ಹಾಲ್‌ನಲ್ಲಿ ಅವಳು ಮಕ್ಕಳಿಗೆ ಕನ್ನಡ ಕಲಿಸುತ್ತಾಳೆ. ಅದು ಮುಗಿದ ಮೇಲೆ ಹಾಲ್ ಅಚೋಲ್ ಕೈಗೆ. ಅಚೋಲ್ ದಕ್ಷಿಣ ಸುಡಾನ್ ಮೂಲದ ಹುಡುಗಿ, ನರ್ಸಿಂಗ್ ಓದುತ್ತಿದ್ದಾಳೆ. ಬಸ್ ಸ್ಟಾಪಿನಲ್ಲಿ ಯಾರೋ ತಮ್ಮನಿಗೆ ಹೊಡೆದು ಹೋದ ಮೇಲೆ ಗೆಳೆಯರನ್ನು ಕೂಡಿಸಿ, ತಮ್ಮವರ ಮಕ್ಕಳಿಗೆ ಆತ್ಮರಕ್ಷಣೆ ಹೇಳಿಕೊಡತೊಡಗಿದಳು. ಹಿಡಿದ ಕೈ ಬಿಡಿಸಿಕೊಳ್ಳುವುದು, ಗಟ್ಟಿಯಾಗಿ ಕೂಗುವುದು, ತಮ್ಮವರನ್ನು ಯಾರಾದರೂ ತಡೆದು ನಿಲ್ಲಿಸಿದರೆ ದೂರ ನಿಂತು ವಿಡಿಯೊ ಮಾಡುವುದು.

ಹೇಮಲತಾ ಇದನ್ನೆಲ್ಲ ಗಾಜಿನಾಚೆಯಿಂದ ನೋಡಿದಳು.

"ರೀ, ಅಲ್ಲಿ ಗ್ಯಾಂಗ್ ಟ್ರೈನಿಂಗ್ ನಡೀತಿದೆ. ಕೌನ್ಸಿಲ್‌ಗೆ ಬರೆದು ಬುಕಿಂಗ್ ಕ್ಯಾನ್ಸಲ್ ಮಾಡಿಸ್ತೀನಿ," ಎಂದಳು ಗಂಡ ದರ್ಶನ್‌ಗೆ.

"ನಿನ್ನ ಕಾಗುಣಿತದ ಗಲಾಟೆಗಿಂತ ಅವರದು ಕಮ್ಮಿ ಕಣೆ."

"ಆ ಉದ್ದುದ್ದ ಬ್ಯಾಗಲ್ಲಿ ಏನಿದೆ ಅಂತ ನೋಡಿದೀರಾ?"

ಒಂದು ಶನಿವಾರ ಅಚೋಲ್‌ಳೇ ಕರೆದಳು. "ಒಳಗೆ ಬನ್ನಿ ಆಂಟಿ, ನೀವೂ ಕಲೀರಿ. ಸಂಜೆ ಬಸ್ ಇಳಿದು ಒಬ್ಬರೇ ನಡ್ಕೊಂಡು ಹೋಗ್ತೀರಲ್ಲ?"

ಒಬ್ಬಳೇ ಹೋಗುವುದು ಇವಳಿಗೆ ಹೇಗೆ ಗೊತ್ತು? ಹೇಮಲತಾ ಮನೆಗೆ ಹೋಗುವ ಮೊದಲೇ ಆ ಬ್ಯಾಗುಗಳ ಫೋಟೊ ಗುಂಪಿಗೆ ಹಾಕಿದಳು. ಯಾರೋ ಅದನ್ನು ಹಾಲ್‌ನ ಸೆಕ್ಯುರಿಟಿಗೆ ಕಳಿಸಿದರು.

ಮುಂದಿನ ವಾರ ಗಾರ್ಡ್ ಅಚೋಲ್‌ಳನ್ನು ಬಾಗಿಲಲ್ಲೇ ತಡೆದು ಬ್ಯಾಗ್ ಸುರಿಸಿದ. ಗುದ್ದು ತಡೆಯುವ ಪ್ಯಾಡುಗಳು, ಬ್ಯಾಂಡೇಜು, ಬಾಳೆಹಣ್ಣು. ಬೇರೇನೂ ಸಿಗದ ಸಿಟ್ಟಿಗೆ ಅವಳ ಭುಜ ಹಿಡಿದು ತಳ್ಳಿದ. ಅವಳು ಎರಡೂ ಅಂಗೈ ತೆರೆದು ತೋರಿಸಿ ನಿಂತಳು.

"ನೀನೇ ನನ್ನನ್ನ ತಳ್ಳಿದೆ ಅಂತ ರಿಪೋರ್ಟ್ ಹಾಕ್ತೀನಿ. ನಾಳೆಯಿಂದ ಹಾಲ್ ಮರೆತುಬಿಡು," ಎಂದ ಗಾರ್ಡ್. ಆಮೇಲೆ, ಕನ್ನಡದ ಮಕ್ಕಳನ್ನು ಕಳಿಸಿ ಹೊರಗೆ ನಿಂತಿದ್ದ ಹೇಮಲತಾಳ ಕಡೆ ತಿರುಗಿ ನಕ್ಕ. "ಫೋಟೊಗೆ ಥ್ಯಾಂಕ್ಸ್ ಮೇಡಂ. ನೀವಿನ್ನು ಹೊರಡಿ."

ಹೇಮಲತಾ ನಾಲ್ಕು ಹೆಜ್ಜೆ ಹಿಂದೆ ಸರಿದಳು. ಓಡಿಹೋಗುತ್ತಾಳೆ ಎಂದೇ ಕ್ಲಾಸಿಗೆ ಬಂದಿದ್ದ ಅಚೋಲ್ ಕಡೆಯವರೆಲ್ಲ ಅಂದುಕೊಂಡರು. ಅವಳು ಅಲ್ಲೇ ನಿಂತು ಫೋನ್ ಎತ್ತಿ, ವಿಡಿಯೊ ಆನ್ ಮಾಡಿ, ಗಾರ್ಡ್‌ನ ಮುಖಕ್ಕೆ ಹಿಡಿದಳು.

"ಫೋನ್ ಇಳಿಸಿ ಮೇಡಂ."

ಹೇಮಲತಾ ಇನ್ನೊಂದು ಕೈಯನ್ನೂ ಆಸರೆಯಾಗಿ ಕೊಟ್ಟು ಫೋನ್ ಹಾಗೆಯೇ ಹಿಡಿದಿದ್ದಳು.