ಬಾವಿಯಿಂದ ನನ್ನನ್ನು ಎತ್ತಿದ್ದು

ಆಳಂದ–ಅಫಜಲಪುರ ದಾರಿಯಲ್ಲಿ ವರ್ಷಗಟ್ಟಲೆ ಬಸ್ ಓಡಿಸಿ, ನಿವೃತ್ತನಾಗಿ ಸರಸಂಬಾಕ್ಕೆ ಮರಳಿದ ಮೇಲೆ ನನಗೆ ಹೊಲದ ಬದಿಯ ಮೆಟ್ಟಿಲ ಬಾವಿಯಲ್ಲಿ ಈಜಬೇಕೆಂಬ ಆಸೆಯಾಯಿತು. ಚಿಕ್ಕವನಿದ್ದಾಗ ಈಜು ಕಲಿತದ್ದು ಅಲ್ಲೇ. ಬೇಸಿಗೆಯ ಒಂದು ಬೆಳಿಗ್ಗೆ ಅಂಗಿ, ಧೋತರ ಮಡಚಿ ಮೆಟ್ಟಿಲ ಮೇಲಿಟ್ಟು ನೀರಿಗಿಳಿದೆ. ಸ್ವಲ್ಪ ಹೊತ್ತು ಕೈಕಾಲು ಆಡಿಸಿ, ಆಮೇಲೆ ಅಂಗಾತ ಮಲಗಿ ಕಣ್ಣು ಮುಚ್ಚಿ ತೇಲುತ್ತಿದ್ದೆ.

"ಮುತ್ಯಾ ಬಾವ್ಯಾಗ ಬಿದ್ದಾನ, ಲಗೂನ ಬರ್ರೋ" ಎಂದು ಮೇಲೆ ಯಾರೋ ಕೂಗಿದರು. ಮುತ್ಯಾ ಅಂದರೆ ನಮ್ಮ ಕಡೆ ಅಜ್ಜ; ಅವರು ಕೂಗಿದ್ದು ನನ್ನನ್ನು ನೋಡಿಯೇ.

ನಾನು ಕಣ್ಣು ಬಿಡುವಷ್ಟರಲ್ಲಿ ಪಕ್ಕದ ಹೊಲದ ತರುಣನೊಬ್ಬ ಬಟ್ಟೆಸಮೇತ ಹಾರಿ ನನ್ನ ಬಗಲಿಗೆ ಕೈ ಹಾಕಿದ್ದ.

"ಈಸಾಕತ್ತೇನಿ ತಮ್ಮಾ, ಬಿಡು" ಎಂದೆ.

"ಅಂಜಬ್ಯಾಡ್ರಿ ಮುತ್ಯಾ, ನಾ ಇದ್ದೇನಿ" ಎಂದು ಅವನು ಇನ್ನೂ ಬಿಗಿಯಾಗಿ ಹಿಡಿದ. ಅವನಿಗೆ ಈಜು ಅಷ್ಟಾಗಿ ಬರುತ್ತಿರಲಿಲ್ಲ. ನಾನೇ ಕಾಲು ಬಡಿದು ಇಬ್ಬರನ್ನೂ ಮೆಟ್ಟಿಲಿಗೆ ತಂದೆ.

ಮೇಲೆ ಜನ ಸೇರಿದ್ದರು. ಫೋನ್ ಹೋಗಿ ನನ್ನ ಮಗನೂ ಬೈಕಿನಲ್ಲಿ ಬಂದ. "ಮನ್ಯಾಗ ಏನರ ಜಗಳ ಆಗಿತ್ತೇನ್ರಿ?" ಎಂದು ಒಬ್ಬರು ಕೇಳಿದ್ದು ಅವನನ್ನು. ಈಜಲು ಬಂದಿದ್ದೆ ಎಂದು ನಾನು ಮತ್ತೊಮ್ಮೆ ಹೇಳಿದೆ. ಹೂಂ ಎಂದು ಟವೆಲ್ ಹೊದಿಸಿದರು. ಮಡಚಿಟ್ಟ ಬಟ್ಟೆ ನೋಡಿ, ನಾನು ಸಾಯಲೆಂದೇ ಹಾರಿಕೊಂಡೆನೆಂಬ ಅವರ ಅನುಮಾನ ಇನ್ನಷ್ಟು ಗಟ್ಟಿಯಾಯಿತು.

"ಒಬ್ಬರಿಗೇ ಬಿಡಬ್ಯಾಡ್ರಿ" ಎಂದು ಮಗನಿಗೆ ಹೇಳಿ ಎಲ್ಲರೂ ಚದುರಿದರು.

ಮನೆಗೆ ಬಂದಾಗ ಹೆಂಡತಿ ಜೋಳ ಹಸನು ಮಾಡುತ್ತಿದ್ದಳು. ಮಗ ನಡೆದದ್ದನ್ನು ತನಗೆ ತಿಳಿದಂತೆ ಹೇಳಿದ. ಅವಳು ಪೂರ್ತಿ ಕೇಳಿಸಿಕೊಂಡು, ನನ್ನ ಕಡೆ ತಿರುಗಿ, "ನೀರು ಭಾಳ ತಂಪಿತ್ತೇನ್ರಿ?" ಎಂದಳು. ಆ ದಿನ ನನ್ನನ್ನೇ ಕೇಳಿದ ಪ್ರಶ್ನೆ ಅದೊಂದೇ.

ಅಂದಿನಿಂದ ನಾನು ಹೊಲಕ್ಕೆ ಹೊರಟರೆ ಮಗನೋ ಸೊಸೆಯೋ ಜೊತೆಗೆ ಬರತೊಡಗಿದರು. ಮೊದಮೊದಲು ಸಿಟ್ಟು ಬರುತ್ತಿತ್ತು. ಆಮೇಲೆ ಹೊರಗೆ ಹೋಗುವುದನ್ನೇ ಕಡಿಮೆ ಮಾಡಿದೆ. ಅದನ್ನು ಗಮನಿಸಿದವಳೂ ಹೆಂಡತಿಯೇ. ಒಂದು ದಿನ ಪುಂಡಿಪಲ್ಯದ ಬುಟ್ಟಿ ಎತ್ತಿಕೊಂಡು, "ನಾನೂ ಬರ್ತೇನಿ, ಬಾವಿಗೆ ನಡೀರಿ" ಎಂದಳು.

ಅವಳು ಮೆಟ್ಟಿಲ ಮೇಲೆ ಕೂತು ಸೊಪ್ಪು ಬಿಡಿಸುತ್ತಿದ್ದಳು, ನಾನು ಈಜುತ್ತಿದ್ದೆ. ನನ್ನನ್ನು ಎತ್ತಿದ್ದ ತರುಣ ಮೇಲಿನಿಂದ ಇಣುಕಿ, "ಆಯಿ, ಮುತ್ಯಾ ಅರಾಮ ಇದ್ದಾನೇನ್ರಿ?" ಎಂದು ವಿಚಾರಿಸಿದ.

"ಇಲ್ಲೇ ನೀರಾಗ ಇದ್ದಾರ. ಅವರಿಗೇ ಕೇಳಪ್ಪ" ಎಂದಳು.

ಅವನು ನನ್ನತ್ತ ನೋಡಿ ನಕ್ಕ. ಏನೂ ಕೇಳದೆ ಹೋದ.

ಈಗಲೂ ಆಗಾಗ ನಾವಿಬ್ಬರೂ ಬಾವಿಗೆ ಹೋಗುತ್ತೇವೆ. ಆಯಿ ಮುತ್ಯಾನನ್ನು ಕಾಯುತ್ತಾಳೆ ಎಂದು ಊರವರು ತಿಳಿದುಕೊಂಡಿದ್ದಾರೆ. ನಾವು ಅದನ್ನು ತಿದ್ದಲು ಹೋಗಿಲ್ಲ.