ಮೂರನೆಯ ಹಿಲ್ಡೆಗಾರ್ಡ್

ಶಿಕಾಗೋದಿಂದ ಡೆಟ್ರಾಯಿಟ್‌ಗೆ ಕಾರಿನಲ್ಲಿ ಹೋಗುವವರು ಮಿಶಿಗನ್ ಗಡಿ ದಾಟಿದ ಮೇಲೆ ಎಲ್ಲಾದರೊಂದು ಎಕ್ಸಿಟ್ ಹಿಡಿದು ಗ್ಯಾಸ್, ಎಂದರೆ ಪೆಟ್ರೋಲು, ಹಾಕಿಸಲು ನಿಲ್ಲುವುದು ವಾಡಿಕೆ. ಅಂಥ ಅಂಗಡಿಗಳಲ್ಲಿ, ಕಾಫಿ ಎಂಬ ಹೆಸರಿನಲ್ಲಿ ಮಾರುವ ಕಂದುನೀರಿನ ಪಕ್ಕದಲ್ಲಿ, ಒಂದು ತಿರುಗುವ ಕಂಬವಿರುವುದನ್ನು ನೀವೂ ನೋಡಿರಬಹುದು. ಮಕ್ಕಳು ಸೈಕಲ್ಲಿನ ಹಿಂದೆ ಕಟ್ಟಿಕೊಳ್ಳುವ ಅಂಗೈಯಗಲದ ತಗಡಿನ ಫಲಕಗಳು, ಒಂದೊಂದರ ಮೇಲೂ ಒಂದೊಂದು ಹೆಸರು ಹೊತ್ತು, ಅಕ್ಷರಕ್ರಮದಲ್ಲಿ ಅದರ ಮೇಲೆ ತೂಗಾಡುತ್ತಿರುತ್ತವೆ. ಏಳು ವರ್ಷದ ನನ್ನ ಮಗಳು ಈ ಕಂಬ ಕಂಡಲ್ಲೆಲ್ಲ ನಿಂತು, ಅದನ್ನು ಎಚ್ ಅಕ್ಷರದವರೆಗೆ ತಿರುಗಿಸಿ, ಹೆಲೆನ್ ಮತ್ತು ಹಾಲಿ ಎಂಬಿಬ್ಬರ ನಡುವೆ ಬೆರಳಾಡಿಸಿ, ಬರಿಗೈಯಲ್ಲಿ ಕಾರಿಗೆ ಮರಳುತ್ತಿದ್ದಳು.

ಸಂಕೋಚವಾದರೂ ಹೇಳಿಬಿಡುತ್ತೇನೆ, ಅವಳು ಹುಡುಕುತ್ತಿದ್ದ ಹೆಸರು ಹಿಲ್ಡೆಗಾರ್ಡ್. ತಂದೆ ಮೈಸೂರಿನವನು, ತಾಯಿ ಚಿತ್ರದುರ್ಗದವಳು, ಬೆಳಗಾದರೆ ಮನೆಯಲ್ಲಿ ಇಂಗಿನ ಒಗ್ಗರಣೆಯ ಘಮ; ಇಂಥ ಸಂಸಾರದ ಏಕೈಕ ಕುಡಿಗೆ ಜರ್ಮನ್ ಅಜ್ಜಿಯೊಬ್ಬಳ ಹೆಸರು! ಶಿಕಾಗೋ ಬಳಿಯ ಶಾಮ್‌ಬರ್ಗ್‌ನ ಶಾಲೆಯವರು ಮೊದಲ ದಿನ ಹಾಜರಿ ಪಟ್ಟಿಯನ್ನು ನೋಡಿ, ನಮ್ಮನ್ನು ನೋಡಿ, ಮತ್ತೆ ಪಟ್ಟಿಯನ್ನು ನೋಡಿ, ಮಗುವನ್ನು ದತ್ತು ಪಡೆದದ್ದೇ ಎಂದು ಮೆಲ್ಲಗೆ ವಿಚಾರಿಸಿದರು. ನನ್ನ ಮೂಗನ್ನು ಯಥಾವತ್ತಾಗಿ ಹೊತ್ತಿರುವ ಮುಖದ ಎದುರು ಕೇಳಬಹುದಾದ ಪ್ರಶ್ನೆಯಲ್ಲ ಅದು. ಆದರೆ ಅದನ್ನು ಪೂರ್ತಿ ಅಸಂಬದ್ಧವೆಂದು ತಳ್ಳಿಹಾಕಲಾರೆ. ಒಂದು ಮಧ್ಯಾಹ್ನದ ಮಟ್ಟಿಗೆ ನಾವು ಅವಳನ್ನು ಬೇರೆಯವರಿಗೆ ಕೊಟ್ಟುಬಿಟ್ಟಿದ್ದುಂಟು.

ಹೆಸರುಗಳ ಅರ್ಥ ಕೆದಕುವುದು ನನ್ನ ಹಳೆಯ ಚಟ. ಮೈಸೂರಿನ ನಮ್ಮ ಬೀದಿಯಲ್ಲಿ ಕಮಲ, ಸರೋಜ, ಪಂಕಜ, ನಳಿನಿ, ವನಜಾಕ್ಷಿ ಎಂದು ಐವರು ಹುಡುಗಿಯರಿದ್ದರು. ಅರ್ಥ ಬಿಡಿಸಿ ನೋಡಿದರೆ ಇಡೀ ಬೀದಿಯೇ ತಾವರೆಕೆರೆ. ಹಳೆಯ ಜರ್ಮನರಿಗೆ ಹೂವಿನ ಮೋಹ ಕಡಿಮೆಯಿತ್ತೆಂದು ಕಾಣುತ್ತದೆ. ನಮ್ಮ ಸಮಾಸಗಳಂತೆಯೇ ಎರಡು ಪದ ಬೆಸೆದು ಹೆಸರಿಡುತ್ತಿದ್ದರಾದರೂ, ಆ ಪದಗಳನ್ನು ಅವರು ಆರಿಸಿದ್ದು ಆಯುಧಶಾಲೆಯಿಂದ. ಗರ್ಟ್ರೂಡ್ ಎಂದರೆ ಈಟಿ ಮತ್ತು ಬಲ. ಮಟಿಲ್ಡಾ ಎಂದರೆ ಬಲ ಮತ್ತು ಕದನ. ತೊಟ್ಟಿಲಲ್ಲಿ ಹೆಬ್ಬೆರಳು ಚೀಪುವ ಹೆಣ್ಣುಕೂಸನ್ನು ಹೀಗೆ ಸಶಸ್ತ್ರಗೊಳಿಸಿದ ಜನರಿಗೆ ಎಂಥ ಶತ್ರುಭಯವಿದ್ದಿರಬೇಕೆಂದು ನಾನು ಗ್ರಂಥಾಲಯದಲ್ಲಿ ಕುಳಿತು ನಕ್ಕು, ಹಿಲ್ಡೆಗಾರ್ಡ್ ಎಂಬ ಹೆಸರಿನವರೆಗೆ ಹೋಗದೆಯೇ ಪುಸ್ತಕ ಮುಚ್ಚಿದ್ದುಂಟು. ಆ ಶತ್ರು ಯಾರೆಂದು ಆಗ ನನಗೆ ಹೊಳೆದಿರಲಿಲ್ಲ. ಹೊಳೆಯಬೇಕಿತ್ತು, ಏಕೆಂದರೆ ಅವನು ನಮ್ಮ ಮನೆಗೂ ಒಮ್ಮೆ ಬಂದುಹೋಗಿದ್ದ.

ಅರವತ್ತರ ದಶಕ ಮುಗಿಯುತ್ತಿದ್ದಾಗ ನಾನು ಡೆಟ್ರಾಯಿಟ್‌ಗೆ ಒಬ್ಬನೇ ಬಂದೆ, ಕಾರಿನ ಬಿಡಿಭಾಗ ಮಾಡುವ ಕಾರ್ಖಾನೆಯೊಂದರಲ್ಲಿ ಎಂಜಿನಿಯರಾಗಿ. ಬಸುರಿಯಾಗಿದ್ದ ಹೆಂಡತಿ ಗಿರಿಜೆ ತವರಿನಲ್ಲಿ ಉಳಿದಳು. ಅಲ್ಲಿ ಹುಟ್ಟಿದ ನಮ್ಮ ಮೊದಲ ಮಗಳು ಹನ್ನೊಂದು ತಿಂಗಳಿದ್ದು ಜ್ವರದಲ್ಲಿ ತೀರಿಕೊಂಡಳು. ಸುದ್ದಿಯ ಕಾಗದ ನನ್ನ ಕೈಸೇರುವಾಗ ಮಗು ಹೋಗಿ ಮೂರು ವಾರವಾಗಿತ್ತು. ಆ ಮೂರು ವಾರವೂ ನಾನು ಅವಳ ಫೋಟೋವನ್ನು ಜೇಬಿನಲ್ಲಿಟ್ಟುಕೊಂಡು ಕಾರ್ಖಾನೆಯಲ್ಲಿ ಕಂಡಕಂಡವರಿಗೆಲ್ಲ ತೋರಿಸುತ್ತಿದ್ದೆ. ಅವಳನ್ನು ಎದುರಿಗೆ ಕೂರಿಸಿಕೊಂಡು ಒಮ್ಮೆಯೂ ಹೆಸರು ಹಿಡಿದು ಕರೆಯಲಿಲ್ಲವಲ್ಲ ಎಂಬ ಸಂಕಟ ಇವತ್ತಿಗೂ ನನ್ನನ್ನು ಬಿಟ್ಟಿಲ್ಲ. ಗಿರಿಜೆ ಅಮೆರಿಕಕ್ಕೆ ಬಂದ ಮೇಲೆ ಆ ಹೆಸರನ್ನು ಅವಳೂ ಎತ್ತಲಿಲ್ಲ, ನಾನೂ ಎತ್ತಲಿಲ್ಲ.

ನಾವು ಬಾಡಿಗೆಗಿದ್ದದ್ದು ಡೆಟ್ರಾಯಿಟ್‌ನ ಪೂರ್ವಭಾಗದ ಒಂದು ಇಟ್ಟಿಗೆ ಮನೆಯ ಮಹಡಿಯಲ್ಲಿ. ಕೆಳಗೆ ಮನೆಯೊಡತಿ, ಎಪ್ಪತ್ತು ದಾಟಿದ ಅವಿವಾಹಿತೆ. ಹೆಸರು ಹಿಲ್ಡೆಗಾರ್ಡ್. ಹಿಲ್ಡಾ ಎಂದು ಕತ್ತರಿಸಿ ಕರೆದವರಿಗೆ ಅವರು ಉತ್ತರಿಸುತ್ತಿರಲಿಲ್ಲ. ಪೂರ್ತಿ ಹೆಸರು ಹಿಡಿದು ಕರೆದರೂ ಒಂದು ವಿಚಿತ್ರವಿತ್ತು. ಕರೆ ಕಿವಿಗೆ ಬಿದ್ದದ್ದು ಮುಖದಲ್ಲಿ ಕಾಣುತ್ತಿತ್ತು, ಆದರೂ ಎರಡು ಉಸಿರಿನಷ್ಟು ಹೊತ್ತು ತಡೆದು, ಬಾಗಿಲ ಕಡೆ ನೋಡಿ, ಆಮೇಲೆ ಓಗೊಡುತ್ತಿದ್ದರು. ವಯಸ್ಸಿನ ಮಾಂದ್ಯ ಎಂದುಕೊಂಡಿದ್ದೆ.

ಗಿರಿಜೆಗೆ ಮತ್ತೆ ದಿನ ತುಂಬಿದಾಗ ಅವಳ ಊರಿನ ಕಡೆಯ ಪದ್ಧತಿಯೊಂದು ಅಟ್ಲಾಂಟಿಕ್ ದಾಟಿಕೊಂಡು ಬಂತು. ಒಂದು ಮಗು ಹೋಗಿದ್ದರೆ ಮುಂದಿನದಕ್ಕೆ ಚೆಂದದ ಹೆಸರಿಡಬಾರದು. ತಿಪ್ಪೆಯ ಮೇಲೆ ಉರುಳಿಸಿ ತಿಪ್ಪಮ್ಮ ಎನ್ನಬೇಕು. ಮೊರದಲ್ಲಿ ಮಲಗಿಸಿ ನೆರೆಯವರಿಗೆ ಒಪ್ಪಿಸಿ, ಹಿಡಿ ತೌಡು ಕೊಟ್ಟು ಮರಳಿ ಕೊಳ್ಳಬೇಕು. ಹಾಗೆ ಮಾಡಿದರೆ ಜವರಾಯ ಇದು ಈ ಮನೆಯ ಕೂಸಲ್ಲ, ಬೆಲೆಯುಳ್ಳದ್ದೂ ಅಲ್ಲ ಎಂದು ಮುಂದಕ್ಕೆ ಹೋಗುತ್ತಾನೆ. ಎಂಜಿನಿಯರಿಂಗ್ ಪದವೀಧರನಾದ ನಾನು ಇದನ್ನು ಕೇಳಿ ನಗಬೇಕಿತ್ತು, ನಗು ಬರಲಿಲ್ಲ.

ಈ ದೇಶದ ಆಸ್ಪತ್ರೆಗಳಿಗೆ ಹನ್ನೊಂದನೆಯ ದಿನದ ನಾಮಕರಣ ಗೊತ್ತಿಲ್ಲ. ಹೆರಿಗೆಯಾದ ಮೂರನೆಯ ದಿನ ಗುಮಾಸ್ತೆಯೊಬ್ಬಳು ಫಾರಂ ಹಿಡಿದು ಬಂದು, ಹೆಸರು ಹೇಳಿ ಎಂದಳು. ಇನ್ನೂ ಇಟ್ಟಿಲ್ಲವೆಂದರೆ, ಒಂಬತ್ತು ತಿಂಗಳು ಏನು ಮಾಡುತ್ತಿದ್ದಿರಿ ಎಂಬಂತೆ ನೋಡಿದಳು. ಹಾಸಿಗೆಯಲ್ಲಿದ್ದ ಗಿರಿಜೆ ಗೋಡೆಯ ಕಡೆ ಮುಖ ಮಾಡಿಕೊಂಡೇ ಹೇಳಿದಳು, "ಯಾರ ಹೆಸ್ರಾದ್ರೂ ಬರೀರಿ. ನಮ್ದು ಅಂತ ಕಾಣೋ ಹೆಸ್ರು ಮಾತ್ರ ಬ್ಯಾಡ್ರೀ."

ನನಗೆ ಆ ಕ್ಷಣ ಅಮೋಘವಾದ ಉಪಾಯ ಹೊಳೆಯಿತು. ನಮ್ಮ ಜನವಲ್ಲದ, ನಮ್ಮ ಭಾಷೆಯದಲ್ಲದ, ಎಪ್ಪತ್ತು ವರ್ಷ ಗಟ್ಟಿಮುಟ್ಟಾಗಿ ಬಾಳಿ ಪರೀಕ್ಷೆ ಪಾಸಾದ ಹೆಸರು ನಮ್ಮ ಮನೆಯ ಕೆಳಗೇ ಇತ್ತು. ಬರೆದೆ. ನಾಳೆ ಬೇಕಾದರೆ ತಿದ್ದಿಸಿದರಾಯಿತು, ಅಲ್ಲಿಯವರೆಗೆ ಜವರಾಯ ನಮ್ಮ ಮಗುವಿನ ವಿಳಾಸ ಹುಡುಕುತ್ತ ಅಲೆಯಲಿ ಎಂದುಕೊಂಡೆ. ನನ್ನ ಬುದ್ಧಿವಂತಿಕೆಯ ಬಗ್ಗೆ ನನಗೆ ಅಷ್ಟು ಹೆಮ್ಮೆ ಅದಕ್ಕೆ ಮೊದಲೂ ಆಗಿರಲಿಲ್ಲ, ಆಮೇಲೂ ಆಗಲಿಲ್ಲ.

ಹನ್ನೊಂದನೆಯ ದಿನ ಡೆಟ್ರಾಯಿಟ್‌ನಲ್ಲಿ ತಿಪ್ಪೆ ಎಲ್ಲಿಂದ ತರುವುದು? ಹಿತ್ತಿಲಲ್ಲಿ ಮನೆಯೊಡತಿ ಗೊಬ್ಬರಕ್ಕೆಂದು ಗುಡ್ಡೆ ಹಾಕಿದ್ದ ಮೇಪಲ್ ಎಲೆಗಳ ಮೇಲೆ ಕೂಸನ್ನು ಕಂಬಳಿ ಸಮೇತ ಒಮ್ಮೆ ಮಲಗಿಸಿ ಎತ್ತಿದೆವು. ಮೊರದ ಬದಲು ಬಟ್ಟೆ ಒಗೆಯಲು ಒಯ್ಯುವ ಬುಟ್ಟಿ, ತೌಡಿನ ಬದಲು ಬೆಳಗಿನ ತಿಂಡಿಗೆ ತಿನ್ನುವ ಗೋಧಿ ಹೊಟ್ಟಿನ ಬ್ರ್ಯಾನ್ ಡಬ್ಬಿ. ಹೀಗೆ ಸರಂಜಾಮು ಹೊತ್ತು ಮನೆಯೊಡತಿಯ ಅಡುಗೆಮನೆಗೆ ಹೋಗಿ ಬುಟ್ಟಿಯನ್ನು ಅವರ ಮುಂದಿಟ್ಟೆವು. ಅವರು ಬ್ರೆಡ್ಡಿಗೆ ಹಿಟ್ಟು ನಾದುತ್ತಿದ್ದರು. ನಾನು ವಿಷಯ ವಿವರಿಸಿದಾಗ ಅವರು ಆಶ್ಚರ್ಯಪಡದೆ, ಹಿಟ್ಟಿನ ಕೈ ಒರೆಸಿಕೊಂಡು ಮಗುವನ್ನು ಎತ್ತಿಕೊಂಡರು. ಫಾರಂನಲ್ಲಿ ಬರೆಸಿದ ಹೆಸರನ್ನು ಉಬ್ಬಿ ಹೇಳಿಕೊಂಡೆ. ಅವರು ಮಗುವನ್ನು ಎದೆಗವಚಿಕೊಂಡು ಬಾಗಿಲ ಕಡೆ ನೋಡಿದರು.

ಅವರು ಹೇಳಿದ್ದನ್ನು ಇಲ್ಲಿ ಕನ್ನಡದಲ್ಲಿ ಹೇಳುತ್ತೇನೆ. ಅವರ ತಂದೆತಾಯಿಗೆ ಡೆಟ್ರಾಯಿಟ್‌ನಲ್ಲಿ ಹುಟ್ಟಿದ ಮೊದಲ ಮಗಳ ಹೆಸರು ಹಿಲ್ಡೆಗಾರ್ಡ್; ಒಂದು ವರ್ಷ ತುಂಬುವ ಮೊದಲೇ ಹೋಯಿತು. ಎರಡನೆಯದಕ್ಕೂ ಅದೇ ಹೆಸರಿಟ್ಟರು, ಅದೂ ಹೋಯಿತು. ಮೂರನೆಯವರು ಇವರು. ಹೋದ ಮಗುವಿನ ಹೆಸರನ್ನು ಬಂದ ಮಗುವಿಗೆ ಕೊಡುವುದು ಅವರ ಕಡೆಯ ಹಳೆಯ ರೂಢಿ. ಪ್ರತಿ ಭಾನುವಾರ ತಂದೆಯ ಕೈಹಿಡಿದು ಸ್ಮಶಾನಕ್ಕೆ ಹೋದಾಗ ಈ ಹುಡುಗಿ ಒಂದೇ ಕಲ್ಲಿನ ಮೇಲೆ ತನ್ನ ಹೆಸರನ್ನು ಎರಡು ಸಲ ಓದುತ್ತಿದ್ದಳು. ಓದಲು ಕಲಿತದ್ದೇ ಆ ಕಲ್ಲಿನಿಂದ.

"ಅಮ್ಮ ಹಿಲ್ಡೆಗಾರ್ಡ್ ಅಂತ ಕರೆದಾಗ ನಾನು ತಕ್ಷಣ ಹೋಗ್ತಿರಲಿಲ್ಲ," ಎಂದರು ಅವರು. "ನನಗಿಂತ ಮುಂಚಿನವರಿಬ್ಬರಿದ್ದಾರಲ್ಲ, ಮೊದಲು ಅವರು ಹೋಗಲಿ ಅಂತ ಸ್ವಲ್ಪ ಕಾಯ್ತಿದ್ದೆ. ಈಗಲೂ ಕಾಯ್ತೀನಿ."

ಓದುಗ ಮಿತ್ರರೇ, ನನ್ನ ಉಪಾಯದ ಗತಿಯನ್ನು ನೀವೇ ನೋಡಿ. ಮಗುವನ್ನು ಜವರಾಯನ ಕಣ್ಣಿನಿಂದ ಮರೆಸಲೆಂದು ನಾನು ಹುಡುಕಿ ಹುಡುಕಿ ತಂದದ್ದು, ಅವನು ಎರಡು ಸಲ ಕರೆದು, ಎರಡು ಸಲವೂ ಓಗೊಡಿಸಿಕೊಂಡಿದ್ದ ಹೆಸರನ್ನು. ನಾನು ಖಾಲಿ ಬುಟ್ಟಿಯನ್ನು ಎತ್ತಿಕೊಂಡು ಹೊರಡಲು ತಿರುಗಿದೆ. ಗಿರಿಜೆ ಮಾತ್ರ ಅಲುಗಾಡದೆ ನಿಂತು, ಆ ಹೆಸರಿನ ಅರ್ಥವೇನೆಂದು ಕೇಳಿದಳು. ಮನೆಯೊಡತಿ ಒಂದು ಕೈಯಲ್ಲಿ ಮಗುವನ್ನು ಹಿಡಿದುಕೊಂಡೇ ಮಣೆಯ ಮೇಲೆ ಚೆಲ್ಲಿದ್ದ ಹಿಟ್ಟಿನಲ್ಲಿ ಬೆರಳಿನಿಂದ ಒಂದು ದೊಡ್ಡ ವೃತ್ತ ಬರೆದರು. ಹಿಲ್ಡ್ ಎಂದರೆ ಯುದ್ಧ. ಗಾರ್ಡ್ ಎಂದರೆ ಇದು, ಶತ್ರು ಒಳಗೆ ಬಾರದಂತೆ ಸುತ್ತಲೂ ಕಟ್ಟಿದ ಗೋಡೆ. ಇಬ್ಬರು ಹೊರಗೆ ಹೋರಾಡಿ ಗೋಡೆ ಮುಗಿಸಿದರು, ನೀನು ಒಳಗಿದ್ದೀಯ ಎಂದು ತಂದೆ ಹೇಳುತ್ತಿದ್ದರಂತೆ.

ಗಿರಿಜೆ ಆ ವೃತ್ತವನ್ನು ಬಹಳ ಹೊತ್ತು ನೋಡಿದಳು. ಹಿಡಿ ಬ್ರ್ಯಾನನ್ನು ಮಣೆಯ ಅಂಚಿಗಿಟ್ಟು, ಮಗುವನ್ನು ತೆಗೆದುಕೊಂಡು ಮಹಡಿ ಹತ್ತಿದಳು. ನನಗೆ ಹೊಳೆದದ್ದು ಮೆಟ್ಟಿಲ ಮೇಲೆ. ಚಿತ್ರದುರ್ಗದವರು ತಮ್ಮ ಊರನ್ನು ಬರೀ ದುರ್ಗ ಎನ್ನುತ್ತಾರೆ. ಏಳು ಸುತ್ತಿನ ಗೋಡೆಯೊಳಗಿನ ಕೋಟೆ ಅದು. ಯುದ್ಧದ ದೇವತೆಗೂ ಅದೇ ಹೆಸರು. ಹೋದ ಮಗುವಿಗೆ ಗಿರಿಜೆ ಇಟ್ಟಿದ್ದ ಹೆಸರು ದುರ್ಗಾ. ನಾವಿಬ್ಬರೂ ಎರಡು ವರ್ಷ ಬಾಯಿಬಿಡದೆ ಮುಚ್ಚಿಟ್ಟುಕೊಂಡಿದ್ದನ್ನು ನಾನೇ ಆಸ್ಪತ್ರೆಯ ಕಾಗದದಲ್ಲಿ, ನನಗೇ ತಿಳಿಯದ ಭಾಷೆಯಲ್ಲಿ, ಬರೆದು ಸಹಿ ಹಾಕಿ ಬಂದಿದ್ದೆ.

ಮರುದಿನವೇ ತಿದ್ದುಪಡಿಯ ಅರ್ಜಿ ತಂದೆ. ಗಿರಿಜೆ ಅದನ್ನು ಮಡಚಿ ಸೀರೆಗಳ ಅಡಿಗಿಟ್ಟಳು. "ಸುಮ್ಕಿರ್ರಿ. ತಿದ್ದಿಸಿದ್ರೆ ಇದು ನಮ್ಮ ಕೂಸೇ ಅಂತ ಗೊತ್ತಾಗ್ಬಿಡ್ತೈತೆ." ಅಂದಿನಿಂದ ಅವಳ ಬಾಯಲ್ಲಿ ಮಗಳು ತಿಪ್ಪಿ. ನಾನು ಪುಟ್ಟಿ ಎಂದೆ. ಕಾಗದದ ಹೆಸರನ್ನು ಮನೆಯೊಳಗೆ ಯಾರೂ ಹೇಳುವಂತಿರಲಿಲ್ಲ. ಹನ್ನೊಂದನೆಯ ತಿಂಗಳಿಡೀ ಗಿರಿಜೆ ಮಗುವಿನ ಎದೆಯ ಮೇಲೆ ಕೈಯಿಟ್ಟೇ ಕುಳಿತಳು. ಹನ್ನೆರಡು ತಿಂಗಳು ತುಂಬಿದ ದಿನ ಅಡುಗೆಮನೆಯಲ್ಲಿ ನಿಂತು ಒಬ್ಬಳೇ ಅತ್ತಳು. ನಾನು ಹೊರಗೆ ನಿಂತು ಅತ್ತೆ. ಮುಂದೆ ಕೆಲಸ ಬದಲಾಗಿ ಶಿಕಾಗೋ ಕಡೆ ಬಂದೆವು. ಶಾಮ್‌ಬರ್ಗ್‌ನ ಜೋಳದ ಹೊಲಗಳಲ್ಲಿ ಎದ್ದ ಅಪಾರ್ಟ್‌ಮೆಂಟಿನಲ್ಲಿ ಮಗಳು ಹಲ್ಲು ಬೀಳಿಸಿಕೊಂಡು, ಇಂಗ್ಲಿಷ್ ಮಾತಾಡಿಕೊಂಡು ಬೆಳೆದಳು. ಭಯ ಹಳತಾಯಿತು ಎಂದುಕೊಂಡೆ.

ಹೋದ ಚಳಿಗಾಲ ಅವಳ ಟೀಚರು ನಮ್ಮನ್ನು ಕರೆಸಿ ಕಿವಿಯ ಪರೀಕ್ಷೆ ಮಾಡಿಸಬೇಕೆಂದರು. ಹಾಜರಿ ಕರೆದಾಗ ಹುಡುಗಿ ಕೂಡಲೇ ಉತ್ತರಿಸುವುದಿಲ್ಲವಂತೆ. ಎರಡು ಉಸಿರಿನಷ್ಟು ತಡೆದು, ಬಾಗಿಲ ಕಡೆ ನೋಡಿ, ಆಮೇಲೆ ಹಿಯರ್ ಎನ್ನುತ್ತಾಳಂತೆ. ಕಿವಿ ಚೆನ್ನಾಗಿಯೇ ಇತ್ತು. ಹಾಗೇಕೆ ಮಾಡುತ್ತೀಯ ಎಂದರೆ, "ಐ ಡೋಂಟ್ ನೋ, ಅಪ್ಪ. ಐ ಜಸ್ಟ್ ವೇಟ್," ಎಂದಳು. ಆ ಮುದುಕಿಯನ್ನು ಅವಳು ಕಂಡದ್ದು ಒಂದೂವರೆ ವರ್ಷದ ಕೂಸಾಗಿದ್ದಾಗ. ಅವರ ಕಥೆಯನ್ನು ನಾವು ಅವಳಿಗೆ ಹೇಳಿಯೇ ಇರಲಿಲ್ಲ.

ಅದಾದ ತಿಂಗಳಲ್ಲೇ ಮನೆಯೊಡತಿ ತೀರಿಕೊಂಡರೆಂದು ಅವರ ತಂಗಿಯ ಮಗಳು ಕಾಗದ ಬರೆದಳು. ಹಿಮ ಕರಗಿದ ಮೇಲೆ ಮೂವರೂ ಡೆಟ್ರಾಯಿಟ್‌ಗೆ ಹೋದೆವು. ಸ್ಮಶಾನದಲ್ಲಿ ನಡುಹಗಲಿನ ಬಿಸಿಲು, ಒದ್ದೆ ಹುಲ್ಲು. ನಾನು ಹೂವಿನ ಕಟ್ಟು ಬಿಚ್ಚುತ್ತಿದ್ದೆ. ಅಕ್ಷರ ಕಂಡಲ್ಲಿ ಓದುವ ವಯಸ್ಸಿನ ಮಗಳು ಕಲ್ಲಿನ ಮುಂದೆ ಕುಕ್ಕರುಗಾಲಲ್ಲಿ ಕುಳಿತು, ಸೈಕಲ್ ಫಲಕಗಳ ನಡುವೆ ಆಡಿಸುತ್ತಿದ್ದ ಅದೇ ಬೆರಳನ್ನು ಆಡಿಸಿ, ಸಂಭ್ರಮದಿಂದ ಕೂಗಿದಳು. "ಅಪ್ಪ, ಐ ಫೌಂಡ್ ಮೈನ್! ತ್ರೀ ಟೈಮ್ಸ್!" ಮೂರನೆಯ ಹೆಸರಿನ ಕೆಳಗೆ ಇನ್ನೂ ಒಂದು ಹೆಸರು ಹಿಡಿಸುವಷ್ಟು ಜಾಗ ನುಣುಪಾಗಿ ಖಾಲಿಯಿತ್ತು. ಅವಳ ಬೆರಳು ಈಗ ಅಲ್ಲಿತ್ತು.

ನಾನು ಹೂವಿನ ಕಟ್ಟನ್ನು ಹುಲ್ಲಿನ ಮೇಲೆ ಬಿಟ್ಟು ಅವಳ ಕಡೆ ಹೆಜ್ಜೆಯಿಟ್ಟೆ. ಕರೆದವಳು ಗಿರಿಜೆ. ತಿಪ್ಪಿ ಎನ್ನಲಿಲ್ಲ. ಇಷ್ಟು ವರ್ಷ ನುಂಗಿಕೊಂಡಿದ್ದನ್ನು ಇಡೀ ಸ್ಮಶಾನಕ್ಕೆ ಕೇಳುವಂತೆ ಕೂಗಿದಳು, "ದುರ್ಗಾ! ಬಾ ಇಲ್ಲಿ!"

ಮಗಳು ತಡೆಯಲಿಲ್ಲ. ಹಿಂದೆಮುಂದೆ ನೋಡಲಿಲ್ಲ, ಯಾರನ್ನೂ ಮೊದಲು ಹೋಗಗೊಡಲಿಲ್ಲ. ಅದು ಹುಟ್ಟಿದಂದಿನಿಂದ ಕೇಳಿದ ಹೆಸರೆಂಬಂತೆ ಚಂಗನೆ ಎದ್ದು, "ಬಂದೆ ಅಮ್ಮ," ಎಂದು ಓಡಿಬಂದು ತಾಯಿಯ ಸೆರಗಿಗೆ ಮುಖ ಒತ್ತಿದಳು. ಅವಳು ಕನ್ನಡದಲ್ಲಿ ಓಗೊಟ್ಟದ್ದು ನನ್ನ ನೆನಪಿನಲ್ಲಿ ಅದೊಂದೇ ಸಲ. ಬಂದವಳು ಯಾರು, ಏಳು ವರ್ಷದವಳೋ ಹನ್ನೊಂದು ತಿಂಗಳಿನವಳೋ ಎಂದು ನಾನು ಕೇಳಿಕೊಳ್ಳಲಿಲ್ಲ. ನಾನೂ ಒಮ್ಮೆ ದುರ್ಗಾ ಎಂದೆ; ಅವಳು ತಲೆಯೆತ್ತಿ ನನ್ನನ್ನು ನೋಡಿದಳು. ಅಷ್ಟು ನನಗೆ ಸಾಕಾಯಿತು.

ಹಿಂದಿರುಗುವಾಗ ಗ್ಯಾಸ್ ಹಾಕಿಸಲು ಅಂಥದೇ ಒಂದು ಅಂಗಡಿಯಲ್ಲಿ ನಿಂತೆವು. ಮಗಳು ಎಂದಿನಂತೆ ಕಂಬದ ಹತ್ತಿರ ಹೋದಳು. ನಾವು ಏನೂ ಹೇಳಿಕೊಟ್ಟಿರಲಿಲ್ಲ. ಅವಳು ಎಚ್‌ವರೆಗೆ ಹೋಗದೆ ಡಿ ಅಕ್ಷರದಲ್ಲೇ ನಿಲ್ಲಿಸಿ, ಡಯಾನಾ, ಡಾನ, ಡಾರಥಿಯರ ನಡುವೆ ಬೆರಳಾಡಿಸಿ, ತಿರುಗಿ ನಕ್ಕಳು. "ನಾಟ್ ಹಿಯರ್, ಅಮ್ಮ."

"ಇಲ್ದಿದ್ರೆ ಇರ್ಲಿ ಬಿಡವ್ವ," ಎಂದಳು ಗಿರಿಜೆ, ಅವಳ ಕೈಹಿಡಿದುಕೊಂಡು. "ನೀನಿದೀಯಲ್ಲ."